ಮಾನನಷ್ಟ ದಾವೆ: ಪತ್ರಿಕೆ ವಿರುದ್ಧ ಹೂಡಲು ಒಂದೇ ವರ್ಷ

ಪತ್ರಿಕಾ ವರದಿಯಿಂದ ಮಾನಹಾನಿಯಾಗಿದೆ ಎಂದು ಪರಿಹಾರ ಕೋರುವವರು ಒಂದು ವರ್ಷದೊಳಗೆ ಸಿವಿಲ್ ನ್ಯಾಯಾಲಯದಲ್ಲಿ ದಾವೆ ಹೂಡಬೇಕು. 1963ರ ಕಾಲಮಿತಿ ಕಾಯ್ದೆಯ 75ನೇ ಅನುಚ್ಛೇದ ಈ ಗಡುವನ್ನು ವಿಧಿಸಿದೆ.

ಎಣಿಕೆ ಹೇಗೆ?

ಗಡುವು ಆರಂಭವಾಗುವುದು ವರದಿ ಪ್ರಕಟವಾದಾಗ. ಬಾಧಿತರು ಅದನ್ನು ಓದಿದಾಗ ಅಲ್ಲ. ಪ್ರಕಟಣೆಯ ದಿನವನ್ನು ಎಣಿಕೆಯಿಂದ ಕೈಬಿಡಲಾಗುತ್ತದೆ. ಮಾರ್ಚ್ 10ರ ಸಂಚಿಕೆಯ ವರದಿಗೆ ಮರುವರ್ಷದ ಮಾರ್ಚ್ 10 ಕಡೆಯ ದಿನ. ಅಂದು ನ್ಯಾಯಾಲಯಕ್ಕೆ ರಜೆಯಿದ್ದರೆ, ಮತ್ತೆ ತೆರೆಯುವ ದಿನ ದಾವೆ ಸಲ್ಲಿಸಬಹುದು.

ವಕೀಲರ ಮೂಲಕ ನೋಟಿಸ್ ಕಳುಹಿಸಿ ಸಂಪಾದಕರ ಕ್ಷಮಾಪಣೆಗಾಗಿ ಕಾಯುತ್ತ ಕುಳಿತರೆ ಗಡುವು ವಿಸ್ತರಣೆಯಾಗದು. ಮೇಲ್ಮನವಿಗಳಲ್ಲಿ ಸಕಾರಣವಿದ್ದರೆ ವಿಳಂಬವನ್ನು ಮನ್ನಿಸಲು ಅವಕಾಶವಿದೆ. ಮೂಲ ದಾವೆಗೆ ಆ ಸೌಲಭ್ಯವಿಲ್ಲ. ಪತ್ರಿಕೆ ಆಕ್ಷೇಪ ಎತ್ತದಿದ್ದರೂ, ಅವಧಿ ಮೀರಿದ ದಾವೆಯನ್ನು ನ್ಯಾಯಾಲಯ ವಜಾಗೊಳಿಸಬೇಕೆಂದು ಕಾಯ್ದೆಯ 3ನೇ ಕಲಂ ಹೇಳುತ್ತದೆ.

ಅಂತರ್ಜಾಲದಲ್ಲಿ

ಅಂತರ್ಜಾಲದಲ್ಲಿ ಬರಹ ಉಳಿದಿರುವಷ್ಟು ಕಾಲವೂ ದಾವೆಯ ಹಕ್ಕು ಹೊಸದಾಗಿ ಹುಟ್ಟುತ್ತದೆ ಎಂಬ ವಾದವನ್ನು ದೆಹಲಿ ಹೈಕೋರ್ಟ್ 2013ರಲ್ಲಿ ಒಪ್ಪಲಿಲ್ಲ. ಮರುಪ್ರಕಟಣೆ ಆಗದ ಹೊರತು ಮೊದಲ ಪ್ರಕಟಣೆಯಿಂದಲೇ ಅವಧಿಯನ್ನು ಎಣಿಸಬೇಕು ಎಂದಿತು.

ಕ್ರಿಮಿನಲ್ ದೂರು

ಶಿಕ್ಷೆ ಕೋರುವ ದೂರಿಗೆ ಮೂರು ವರ್ಷಗಳ ಅವಧಿಯಿದೆ. ಭಾರತೀಯ ನ್ಯಾಯ ಸಂಹಿತೆಯ 356ನೇ ಕಲಮಿನಡಿ ಮಾನಹಾನಿಗೆ ಗರಿಷ್ಠ ಶಿಕ್ಷೆ ಎರಡು ವರ್ಷ ಸಾದಾ ಸಜೆ. ದಂಡ ಅಥವಾ ಸಮುದಾಯ ಸೇವೆಯನ್ನೂ ವಿಧಿಸಬಹುದು. 2024ರ ಜುಲೈ 1ಕ್ಕೆ ಮುಂಚಿನ ಪ್ರಕಟಣೆಗಳಿಗೆ ಹಳೆಯ ದಂಡ ಸಂಹಿತೆಯೇ ಅನ್ವಯಿಸುತ್ತದೆ. ದೂರು ಸಲ್ಲಿಸಿದ ದಿನವೇ ಗಣನೆಗೆ ಬರುತ್ತದೆ ಎಂದು ಸುಪ್ರೀಂ ಕೋರ್ಟ್ 2013ರಲ್ಲಿ ಸ್ಪಷ್ಟಪಡಿಸಿದೆ.

ಆದರೆ ಕ್ರಿಮಿನಲ್ ದೂರು ಬಾಕಿಯಿದೆ ಎಂಬ ಕಾರಣಕ್ಕೆ ಪರಿಹಾರದ ದಾವೆಯ ಒಂದು ವರ್ಷದ ಗಡುವು ನಿಲ್ಲುವುದಿಲ್ಲ.