ಆತಕೂರಿನ ಕಾಳಿಯಿಂದ ಮುಧೋಳದವರೆಗೆ: ಬೇಟೆ ಮತ್ತು ದಂಡಿನ ನಾಯಿಗಳು

ತುಳುನಾಡಿನ ಕೋಟಿ–ಚೆನ್ನಯರ ಕಥನಗೀತೆಯಾದ ಪಾಡ್ದನದಲ್ಲಿ ಪಂಜಕ್ಕೂ ಎಣ್ಮೂರಿಗೂ ಯುದ್ಧ ಹತ್ತಿಕೊಂಡದ್ದು ಒಂದು ಹಂದಿಯಿಂದ. ಬೋಂಟೆಯಲ್ಲಿ, ಎಂದರೆ ಬೇಟೆಯಲ್ಲಿ, ಬಿದ್ದ ಕಾಡುಹಂದಿ ಯಾರಿಗೆ ಸೇರಬೇಕೆಂಬ ಜಗಳ ಬಲ್ಲಾಳರ ಕಾಳಗವಾಗಿ ಬೆಳೆದು, ಕೊನೆಗೆ ಅವಳಿ ವೀರರ ಪ್ರಾಣವನ್ನೇ ತೆಗೆದುಕೊಂಡಿತು. ಕಡಬ, ಸುಳ್ಯ, ಪುತ್ತೂರಿನ ಮಂದಿಗೆ ಈ ಕಥೆ ಹೊಸತಲ್ಲ. ಆದರೆ ಯುದ್ಧನಾಯಿಗಳ ಚರಿತ್ರೆ ಹುಡುಕುವವರು ಇದರಿಂದ ತಿಳಿಯಬೇಕಾದ್ದೊಂದಿದೆ. ಹಿಂದಿನವರಿಗೆ ಬೇಟೆ ಬೇರೆ, ದಂಡು ಬೇರೆ ಆಗಿರಲಿಲ್ಲ. ಹಂದಿಯ ಮೇಲೆ ನುಗ್ಗುವ ನಾಯಿಯೇ ಶತ್ರುವಿನ ಮೇಲೂ ನುಗ್ಗುತ್ತಿತ್ತು.

ಹೊರದೇಶದ ಸಾಕ್ಷ್ಯಗಳೂ ಇದನ್ನೇ ಹೇಳುತ್ತವೆ. ನಿನೆವೆಯಲ್ಲಿ ಅಸ್ಸೀರಿಯಾದ ಅಶುರ್‌ಬನಿಪಾಲನ ಅರಮನೆಗೋಡೆಯ ಕ್ರಿ.ಪೂ. 7ನೇ ಶತಮಾನದ ಉಬ್ಬುಶಿಲ್ಪಗಳಲ್ಲಿ ದಪ್ಪ ಕತ್ತಿನ, ಭಾರಿ ಮೈಯ ನಾಯಿಗಳಿವೆ. ಅವು ನಿಂತಿರುವುದು ಬೇಟೆಯ ದೃಶ್ಯದಲ್ಲಿ. ಲಿಡಿಯಾದ ದೊರೆ ಅಲ್ಯಾಟೀಸನು ಕಿಮ್ಮೇರಿಯನ್ನರ ಮೇಲೆ ನಾಯಿಗಳನ್ನು ಬಿಟ್ಟನೆಂದು ಪಾಲಿಯೇನಸ್ ಬರೆದಿದ್ದಾನೆ. ಆದರೆ ಅವನು ಬದುಕಿದ್ದು ಆ ಘಟನೆಗೆ ಏಳು ಶತಮಾನಗಳಾದ ಮೇಲೆ. ಹೆರೊಡೋಟಸನ ಮಾತಿಗೆ ಹೆಚ್ಚು ತೂಕವಿದೆ. ಕ್ರಿ.ಪೂ. 480ರಲ್ಲಿ ಗ್ರೀಸಿನ ಮೇಲೆ ದಂಡೆತ್ತಿ ಹೋದ ಕ್ಸೆರ್ಕ್ಸಿಸನ ಸೇನೆಯ ಹಿಂದೆ ಲೆಕ್ಕವಿಲ್ಲದಷ್ಟು ಭಾರತದ ನಾಯಿಗಳಿದ್ದವೆಂದು ಅವನು ಹೇಳುತ್ತಾನೆ. ಬ್ಯಾಬಿಲೋನಿನ ಪ್ರಾಂತಾಧಿಕಾರಿಯ ಭಾರತೀಯ ನಾಯಿಗಳನ್ನು ಸಾಕಲು ನಾಲ್ಕು ದೊಡ್ಡ ಊರುಗಳಿಗೆ ಉಳಿದೆಲ್ಲ ತೆರಿಗೆಯ ವಿನಾಯಿತಿಯೂ ಇತ್ತಂತೆ. ವಾಲ್ಮೀಕಿ ರಾಮಾಯಣದ ಅಯೋಧ್ಯಾಕಾಂಡದಲ್ಲಿ ಕೇಕಯದ ದೊರೆ ಭರತನಿಗೆ ಕೊಡುವ ಉಡುಗೊರೆಗಳಲ್ಲೂ ಅಂತಃಪುರದಲ್ಲಿ ಬೆಳೆದ, ಹುಲಿಯಷ್ಟು ಬಲದ, ಕೋರೆಹಲ್ಲಿನ ನಾಯಿಗಳಿವೆ. ಕೇಕಯವಿದ್ದದ್ದು ಪಂಜಾಬಿನ ಕಡೆ. ಅಲೆಕ್ಸಾಂಡರನಿಗೆ ಸಿಂಹದೊಡನೆ ಕಾದುವ ನಾಯಿಗಳನ್ನು ತೋರಿಸಿದ ಸೋಪೈಥೀಸನ ನಾಡೂ ಅದೇ ದಿಕ್ಕಿನದು. ಗ್ರೀಕರದು ಮತ್ತು ರಾಮಾಯಣದ್ದು, ಈ ಎರಡು ಪರಂಪರೆಗಳು ಒಂದನ್ನೊಂದು ನೋಡಿ ಬರೆದವಲ್ಲ, ಹಾಗಾಗಿ ಅವುಗಳ ಹೊಂದಿಕೆಗೆ ಬೆಲೆಯಿದೆ.

ಕನ್ನಡ ನಾಡಿನಲ್ಲಿ ಇದಕ್ಕೆ ಕಲ್ಲಿನ ಸಾಕ್ಷ್ಯವೇ ಉಂಟು. ಮಂಡ್ಯ ಜಿಲ್ಲೆಯ ಮದ್ದೂರು ತಾಲ್ಲೂಕಿನ ಆತಕೂರಿನ ಶಾಸನ ಶಕ 872ರದು, ಎಂದರೆ ಕ್ರಿ.ಶ. 949–50. ರಾಷ್ಟ್ರಕೂಟ ಮುಮ್ಮಡಿ ಕೃಷ್ಣನು ತಕ್ಕೋಲದಲ್ಲಿ ಚೋಳ ರಾಜಾದಿತ್ಯನೊಡನೆ ಕಾದಿದಾಗ ಗಂಗರ ಇಮ್ಮಡಿ ಬೂತುಗ ಅವನ ಪಕ್ಷದಲ್ಲಿದ್ದ. ರಾಜಾದಿತ್ಯನನ್ನು ಕೊಂದ ಬೂತುಗನಿಗೆ ಬನವಾಸಿ ಮುಂತಾದ ನಾಡುಗಳು ಸಿಕ್ಕವು. ಅವನ ಆಳು ಮಣಲೇರ ಅದೇ ಯುದ್ಧದಲ್ಲಿ ಪರಾಕ್ರಮ ತೋರಿದ್ದ. ಬೇಕಾದ್ದನ್ನು ಕೇಳು ಎಂದು ಒಡೆಯ ಹೇಳಿದಾಗ ಮಣಲೇರ ಕೇಳಿದ್ದು ಕಾಳಿ ಎಂಬ ನಾಯಿಯನ್ನು. ಮುಂದೆ ಬೇಟೆಯೊಂದರಲ್ಲಿ ಕಾಳಿಯನ್ನು ದೊಡ್ಡ ಹಂದಿಯ ಮೇಲೆ ಬಿಟ್ಟರು. ನಾಯಿಯೂ ಹಂದಿಯೂ ಕಾದಾಡಿ ಜೊತೆಗೇ ಸತ್ತವು. ಆತಕೂರಿನ ಚಲ್ಲೇಶ್ವರ ದೇವಾಲಯದ ಮುಂದೆ ಕಲ್ಲು ನಿಂತಿತು, ಅದಕ್ಕೆ ಭೂಮಿಯನ್ನೂ ಬಿಟ್ಟರು. ದೇವಸ್ಥಾನ ನೋಡಿಕೊಳ್ಳುವ ಗೊರವ ಈ ಕಲ್ಲನ್ನು ಪೂಜಿಸದೆ ಉಂಡರೆ ನಾಯಿಯ ಪಾಪ ತಟ್ಟಲಿ ಎಂದು ಶಾಸನ ಶಪಿಸುತ್ತದೆ.

ಚರಿತ್ರೆಕಾರರು ಈ ಕಲ್ಲನ್ನು ಓದಿದ್ದು ಹೆಚ್ಚಾಗಿ ತಕ್ಕೋಲಕ್ಕಾಗಿ. ಅದು ಅರ್ಧ ಓದು. ಮೇಲ್ಭಾಗದಲ್ಲಿ ಶಿಲ್ಪಿ ಕೆತ್ತಿದ್ದು ದೊರೆಯನ್ನಲ್ಲ, ತಕ್ಕೋಲದ ರಣರಂಗವನ್ನೂ ಅಲ್ಲ. ಎದುರುಬದುರಾಗಿ ಕಚ್ಚಾಡುವ ನಾಯಿ ಮತ್ತು ಹಂದಿಯನ್ನು. ಕಾಳಿ ತಕ್ಕೋಲದಲ್ಲಿ ಕಾದಿದಳೆಂದು ಶಾಸನ ಹೇಳುವುದಿಲ್ಲ, ಹಾಗಾಗಿ ಅವಳನ್ನು ಯುದ್ಧನಾಯಿ ಎನ್ನುವುದು ಅತಿಯಾದೀತು. ಆದರೆ ಯುದ್ಧದ ಸಂಭಾವನೆಯಾಗಿ ಬೇಟೆನಾಯಿ ಕೈಬದಲಾದದ್ದು, ಸತ್ತ ಮೇಲೆ ಅದಕ್ಕೆ ಪೂಜೆ ಮತ್ತು ದತ್ತಿ ದಕ್ಕಿದ್ದು ನಿಶ್ಚಿತ. 12ನೇ ಶತಮಾನದಲ್ಲಿ ಕಲ್ಯಾಣದ ಚಾಲುಕ್ಯ ಮುಮ್ಮಡಿ ಸೋಮೇಶ್ವರನ ‘ಮಾನಸೋಲ್ಲಾಸ’ವೂ ನಾಯಿಗಳನ್ನು ರಾಜವಿನೋದದ ಭಾಗದಲ್ಲೇ ಇಟ್ಟಿದೆ.

ಇನ್ನು ವಂಶಜರ ಮಾತು. ಮುಧೋಳ ನಾಯಿಯನ್ನು ಪ್ರಾಚೀನ ದಂಡಿನ ನಾಯಿಗಳ ನೇರ ಸಂತಾನವೆಂದು ಹೊಗಳುವುದುಂಟು. ದೇಹವನ್ನು ನೋಡಿದರೇ ಇದು ಸಂಶಯ ಹುಟ್ಟಿಸುತ್ತದೆ. ನೀಳ ಕಾಲು, ಆಳವಾದ ಎದೆ, ಒಳಸರಿದ ಹೊಟ್ಟೆ: ಇದು ಬಯಲಿನಲ್ಲಿ ಕಣ್ಣಿನಿಂದ ಗುರುತಿಸಿ ಮೊಲವನ್ನು ಅಟ್ಟುವ ನಾಯಿ. ನಿನೆವೆಯ ಭಾರಿ ನಾಯಿಗೂ ಇದಕ್ಕೂ ಮೈಕಟ್ಟೇ ಬೇರೆ. ಈ ತಳಿಗೆ ಹೆಸರು ತಂದವರು ಮುಧೋಳದ ಘೋರ್ಪಡೆ ದೊರೆಗಳು. ಮಾಲೋಜಿರಾವ್ ಘೋರ್ಪಡೆ ಐದನೇ ಜಾರ್ಜ್ ದೊರೆಗೆ ಒಂದು ಜೋಡಿಯನ್ನು ಉಡುಗೊರೆಯಾಗಿ ಕೊಟ್ಟಿದ್ದರು. 2005ರಲ್ಲಿ ಈ ತಳಿಯ ಅಂಚೆಚೀಟಿ ಬಂತು. ತಿಮ್ಮಾಪುರದಲ್ಲಿ ಬೀದರಿನ ಪಶುವೈದ್ಯಕೀಯ ವಿಶ್ವವಿದ್ಯಾಲಯದ ಶ್ವಾನ ಸಂಶೋಧನಾ ಕೇಂದ್ರವಿದೆ. 2016ರಲ್ಲಿ ಸೇನೆಯ ಮೀರತ್ ಕೇಂದ್ರ ಈ ನಾಯಿಗಳಿಗೆ ತರಬೇತಿ ಶುರುಮಾಡಿತು. ಅಲ್ಲಿಯವರೆಗೆ ನಮ್ಮ ಸೇನೆ ನೆಚ್ಚಿದ್ದು ಲ್ಯಾಬ್ರಡಾರ್, ಜರ್ಮನ್ ಶೆಫರ್ಡ್‌ನಂಥ ಹೊರಗಿನ ತಳಿಗಳನ್ನು. ಇಂದಿನ ದಂಡಿನ ನಾಯಿ ಶತ್ರುವಿನ ಗಂಟಲಿಗೆ ಹಾರುವುದಕ್ಕಿಂತ ಹೆಚ್ಚಾಗಿ ಮದ್ದುಗುಂಡಿನ ವಾಸನೆ ಹಿಡಿಯುತ್ತದೆ. ಕಾಳಿಯ ಕಾಲದಿಂದ ಇಲ್ಲಿಯವರೆಗೆ ರಕ್ತಸಂಬಂಧವನ್ನು ತೋರಿಸುವ ದಾಖಲೆಯಿಲ್ಲ; ಮುಂದುವರಿದಿರುವುದು ಕಸುಬು.

ನಿಜವಾಗಿ ಕಾಳಿಗೆ ಹತ್ತಿರದವು ಮಲೆನಾಡಿನಂಚಿನ ಹೆಸರಿಲ್ಲದ ತಳಿಯ ಊರನಾಯಿಗಳು ಎಂದು ನನಗನ್ನಿಸುತ್ತದೆ. ಹಂದಿಯನ್ನು ಸುತ್ತುವರಿದು ಬೊಗಳಿ ತಡೆಯುವುದು, ಕೋರೆಯ ಅಳತೆಗೆ ಸಿಗದೆ ಹಿಂದಿನಿಂದ ಹಿಡಿಯುವುದು, ತಪ್ಪಿದರೆ ಹೊಟ್ಟೆ ಸೀಳಿಸಿಕೊಳ್ಳುವುದು ಇವುಗಳ ಪಾಡು. 1972ರ ವನ್ಯಜೀವಿ ಕಾಯ್ದೆಯಡಿ ಈಗ ಬೇಟೆ ಅಪರಾಧ. ಅದು ಹಾಗೇ ಇರಲಿ. ಹಂದಿಗಳೇನೋ ಇಂದಿಗೂ ಅಡಿಕೆ ತೋಟದ ಬುಡ ಕೆದಕುತ್ತಿವೆ. ಆದರೆ ಬೋಂಟೆ ಕಂಡ ಹಿರಿಯರ ತಲೆಮಾರು ಮುಗಿಯುತ್ತಾ ಬಂದಿದೆ. ಪಾಡ್ದನಗಳನ್ನು ಬರೆದುಕೊಂಡ ಹಾಗೆಯೇ ಆ ನಾಯಿಗಳ ಹೆಸರು, ಪಳಗಿಸುವ ಕ್ರಮ, ಹಂದಿಯ ಮಾಂಸದಲ್ಲಿ ಅವಕ್ಕೆ ಸಿಗುತ್ತಿದ್ದ ಪಾಲು ಇವನ್ನೆಲ್ಲ ತುಳುನಾಡಿನ ಕಾಲೇಜುಗಳ ಇತಿಹಾಸ ವಿದ್ಯಾರ್ಥಿಗಳು ಈಗಲೇ ದಾಖಲಿಸಬೇಕು. ಬೆಂಗಳೂರಿಗೆ ಹೋದವರು ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿ ಆತಕೂರಿನ ಕಲ್ಲನ್ನೂ ನೋಡಿ ಬನ್ನಿ.