ಹರಿ ಎಂಬ ಒಂದೇ ಶಬ್ದ

ಅಡಿಕೆ ಕೊಯ್ಲಿನ ರಾತ್ರಿಗಳಲ್ಲೇ ನಾನು ಶಬ್ದಕೋಶ ಕಲಿತದ್ದು. ಸಿದ್ದಾಪುರ ಸೀಮೆಯ ನಮ್ಮ ಮನೆಯಂಗಳದಲ್ಲಿ ಸಾಲಾಗಿ ಮೆಟ್ಟುಗತ್ತಿಗಳು, ಸುತ್ತ ಅಡಿಕೆ ಸುಲಿಯುವ ಜನ. ತೂಕಡಿಕೆ ಬರದಿರಲೆಂದು ಅಜ್ಜ ಕೇಳುತ್ತಿದ್ದ: 'ತಮಾ, ಹರಿ ಅಂದ್ರೆ ಎಂತದಾ?' ವಿಷ್ಣು ಎನ್ನುತ್ತಿದ್ದೆ. 'ಒಂದಾತು, ಮುಂದೆ?'

ಅಜ್ಜನಿಗೆ ಅಮರಕೋಶ ಕಂಠಪಾಠ. ಅಮರಸಿಂಹನ ಈ ಸಂಸ್ಕೃತ ನಿಘಂಟಿಗೆ 3 ಕಾಂಡ, ಸುಮಾರು 1,500 ಶ್ಲೋಕ. ಅದರ ನಾನಾರ್ಥವರ್ಗದಲ್ಲಿ ಶಬ್ದಗಳನ್ನು ಜೋಡಿಸಿದ್ದು ಮೊದಲಕ್ಷರದಿಂದಲ್ಲ, ಕೊನೆಯ ವ್ಯಂಜನದಿಂದ. ಹಾಗಾಗಿ 'ಹರಿ' ಸಿಗುವುದು ರಕಾರದ ಸಾಲಿನಲ್ಲಿ. ಅಲ್ಲಿ ಅದಕ್ಕೆ ಯಮ, ಗಾಳಿ, ಇಂದ್ರ, ಚಂದ್ರ, ಸೂರ್ಯ, ವಿಷ್ಣು, ಸಿಂಹ, ಕಿರಣ, ಕುದುರೆ, ಗಿಳಿ, ಹಾವು, ಕಪಿ, ಕಪ್ಪೆ ಎಂದು 13 ಅರ್ಥ, ಕಪಿಲವರ್ಣ ಬೇರೆ.

ಇದರ ಬೆಲೆ ತಿಳಿದದ್ದು ತಾಳಮದ್ದಳೆಯಲ್ಲಿ. ಶಿರಸಿ, ಸಿದ್ದಾಪುರ, ಯಲ್ಲಾಪುರದ ಊರುಗಳಲ್ಲಿ ನಡೆಯುವ ಈ ಕೂಟದಲ್ಲಿ ವೇಷವಿಲ್ಲ, ಕುಣಿತವಿಲ್ಲ. ಭಾಗವತರ ಪದ್ಯ ಮುಗಿದೊಡನೆ ಅರ್ಥಧಾರಿ ಆಶುವಾಗಿ ಮಾತು ಕಟ್ಟಬೇಕು. ಒಮ್ಮೆ ವಾಲಿವಧೆಯಲ್ಲಿ ವಾಲಿಯ ಅರ್ಥ ಹೇಳುತ್ತಿದ್ದವರು ರಾಮನನ್ನು ಹೀಗೆ ಹಿಡಿದರು: 'ನೀನು ಹರಿ. ನಾನು ಕಪಿ, ನಾನೂ ಹರಿ. ನನ್ನಪ್ಪ ಇಂದ್ರ ಹರಿ, ತಮ್ಮನ ಅಪ್ಪ ಸೂರ್ಯ ಹರಿ, ಹನುಮನ ಅಪ್ಪ ವಾಯುವೂ ಹರಿ. ಹರಿಗಾಗಿ ಹರಿಯನ್ನು ಕೊಲ್ಲಲು ಹರಿ ಮರೆಯಲ್ಲಿ ನಿಂತದ್ದೇಕೆ?' ಜಗಲಿ ತುಂಬಿದ ಜನ ಉಸಿರು ಬಿಗಿಹಿಡಿದು ಕೇಳಿದರು. ಅವರು ತೆಗೆದದ್ದು ಅದೇ ರಕಾರದ ಸಾಲು.

ಅಮರಕೋಶದಂತೆ ಕನ್ನಡದ ನಿಘಂಟುಗಳೂ ಮೊದಲು ಹುಟ್ಟಿದ್ದು ಪದ್ಯದಲ್ಲೇ. 10ನೆಯ ಶತಮಾನದ 'ರನ್ನಕಂದ' ಹೆಸರೇ ಹೇಳುವಂತೆ ಕಂದಪದ್ಯಗಳದ್ದು. ಅಕಾರಾದಿಯಲ್ಲಿ ಹುಡುಕುವ ಅಭ್ಯಾಸವನ್ನು ನಮ್ಮಲ್ಲಿ ಬಲಪಡಿಸಿದ್ದು 1894ರಲ್ಲಿ ಮಂಗಳೂರಿನ ಬಾಸೆಲ್ ಮಿಷನ್ ಮುದ್ರಣಾಲಯದಿಂದ ಬಂದ ಕಿಟೆಲ್ಲರ ಕೋಶ. ಕನ್ನಡ ಸಾಹಿತ್ಯ ಪರಿಷತ್ತಿನ ಬೃಹತ್ ನಿಘಂಟು 8 ಸಂಪುಟಗಳಲ್ಲಿ 1995ಕ್ಕೆ ಪೂರ್ಣವಾಯಿತು. ಅವೆರಡೂ ನನ್ನ ಕಪಾಟಿನಲ್ಲಿವೆ, ದಿನವೂ ತೆರೆಯುತ್ತೇನೆ. ಹರಿಯುವ ಹೊಳೆ, ಹರಿದ ಬಟ್ಟೆ, ಹರಿದು ಹೋಗುವ ಹಾವು ಎಂಬ ಕನ್ನಡದ 'ಹರಿ'ಗಳು ಸಿಗುವುದು ಅಲ್ಲಿಯೇ.

ಆದರೆ ಕಪಾಟಿನಲ್ಲಿರುವ ಶಬ್ದ ಹುಡುಕಿದಾಗ ಮಾತ್ರ ಸಿಗುತ್ತದೆ. ಬಾಯಲ್ಲಿರುವ ಶಬ್ದ ಬೇಕೆಂದ ಕ್ಷಣಕ್ಕೆ ಒದಗುತ್ತದೆ. ನಿಮ್ಮ ಮನೆಯ ಮಕ್ಕಳಿಗೆ ದಿನಕ್ಕೊಂದು ಶಬ್ದ ಕೇಳಿ. ಒಂದು ಅರ್ಥ ಹೇಳಿದರೆ ಅಲ್ಲಿಗೇ ಬಿಡಬೇಡಿ, 'ಮುಂದೆ?' ಎನ್ನಿ.