ಫ್ಲೊರೆಲ್ ಮತ್ತು ಫ್ರೆಂಚ್ ವಾಕ್ಚಿತ್ರದ ಆರಂಭಕಾಲ

ಚಲನಚಿತ್ರದ ಇತಿಹಾಸವನ್ನು ನಾಯಕ ನಾಯಿಕೆಯರ ಚರಿತ್ರೆಯೆಂದೇ ಬರೆಯುವ ವಾಡಿಕೆಯುಂಟು. ಅದು ಅಪೂರ್ಣವೆಂಬುದಕ್ಕೆ ಫ್ರೆಂಚ್ ನಟಿ ಫ್ಲೊರೆಲ್ (1898–1974) ನಿದರ್ಶನ. ಚಿತ್ರಕ್ಕೆ ಧ್ವನಿ ಕೂಡಿದೊಡನೆ ಹಾಡಬಲ್ಲ ಕಲಾವಿದರು ಅಗತ್ಯವಾದರು. ಸಂಗೀತರಂಗದಲ್ಲಿ ಪಳಗಿದ್ದ ಈಕೆಗೆ ಹಾದಿ ತೆರೆಯಿತು. ಒಂದೇ ಕಥೆಯನ್ನು ಭಾಷೆಭಾಷೆಗೂ ಬೇರೆ ನಟರಿಂದ ಆಡಿಸುತ್ತಿದ್ದ ಕಾಲವದು. ಪಾಬ್ಸ್ಟ್ ಬರ್ಲಿನ್ನಿನಲ್ಲಿ ತೆಗೆದ ‘ಮೂರು ಕಾಸಿನ ಸಂಗೀತನಾಟಕ’ದ (1931) ಜರ್ಮನ್ ರೂಪದಲ್ಲಿ ಪಾಲಿಯ ಪಾತ್ರ ಕರೋಲ ನೇಹರ್ ಅವರದು, ಫ್ರೆಂಚ್ ರೂಪದಲ್ಲಿ ಫ್ಲೊರೆಲ್ ಅವರದು. ರೇಮೊಂ ಬರ್ನಾರರ ‘ಲೆ ಮಿಜೆರಾಬ್ಲ್’ (1934) ಮೂರು ಭಾಗಗಳ ಚಿತ್ರ. ಅದರಲ್ಲಿ ಈಕೆ ವಹಿಸಿದ ಫಾಂಟೀನ್ ಮೊದಲ ಭಾಗದಲ್ಲಿಯೇ ಮಡಿಯುತ್ತಾಳೆ. ರನ್ವಾರ ‘ಮಸ್ಯೊ ಲಾಂಜನ ಅಪರಾಧ’ದಲ್ಲಿ (1936) ಈಕೆ ಅಗಸಗಿತ್ತಿ ವಾಲೆಂಟೀನ್. ಕೊಲೆಗೈದ ಲಾಂಜನನ್ನು ಪೊಲೀಸರಿಗೆ ಒಪ್ಪಿಸಬೇಕೆ ಬೇಡವೆ ಎಂದು ತೂಗುತ್ತಿರುವ ಜನರಿಗೆ ನಡೆದುದೆಲ್ಲವನ್ನೂ ಹೇಳುವವಳು ಇವಳೇ. ಆ ಮಾತೇ ಅವನನ್ನು ಉಳಿಸುತ್ತದೆ. ಚಿತ್ರದ ಹೆಸರು ನಾಯಕನದು, ಕಥೆಯನ್ನು ನಡೆಸುವ ಧ್ವನಿ ಫ್ಲೊರೆಲ್ ಅವರದು. ಇತಿಹಾಸಕಾರನು ಇದನ್ನು ಮರೆಯಲಾಗದು.